ಬೆನ್ನು ನೆಲಕ್ಕೆ ಹತ್ತಿದ ಮೇಲೆ

ಬಚ್ಚಲಲ್ಲಿ ಜಾರಿ ಬಿದ್ದ ಮೇಲೆ ನಮ್ಮ ಕಾಕಾ ಹಾಸಿಗೆ ಬಿಟ್ಟು ಏಳಲೇ ಇಲ್ಲ. ಎಲುಬಿಗೆ ಏನೂ ಆಗಿಲ್ಲ, ನಡೆಸಿರಿ, ಹೀಗೇ ಮಲಗಿದರೆ ಕಾಲು ಕಾಯಂ ಹೋದಾವು ಎಂದು ವಿದ್ಯಾನಗರದ ಡಾಕ್ಟರರು ಹೇಳಿ ತಿಂಗಳಾಗಿತ್ತು. ನಾನು ಬೈದೆ, ರಮಿಸಿದೆ, ಊಟ ಅಡಿಗೆಮನೆಯಲ್ಲೇ ಎಂದು ಹಟ ಹಿಡಿದೆ. ಊಹೂಂ. ಮುಗದ ಊರಿನ ಗರಡಿಯಲ್ಲಿ ಮಣ್ಣು ಮೆತ್ತಿಕೊಂಡು ಬೆಳೆದ ಪೈಲ್ವಾನರು, ನನ್ನ ಮಾತಿಗೆಲ್ಲಿ ಜಗ್ಗಬೇಕು!

ಒಂದು ಮಧ್ಯಾಹ್ನ ಅವರ ಬೇಸರ ಕಳೆಯಲೆಂದು ಟಿವಿಯಲ್ಲಿ ಹಳೆಯ ಮೂಕಿ ಚಿತ್ರವೊಂದನ್ನು ಹಚ್ಚಿದೆ. ಬಾಕ್ಸಿಂಗಿನ ತಮಾಷೆ. ಕಡ್ಡಿಯಂಥ ಒಬ್ಬ, ಎದುರಿಗೆ ಗುಡ್ಡದಂಥ ಇನ್ನೊಬ್ಬ. ಕಡ್ಡಿಯವನು ಜಾರುವ ಚಡ್ಡಿ ಏರಿಸಿಕೊಳ್ಳಲು ಹೋಗಿ ಗುದ್ದು ತಿನ್ನುತ್ತಾನೆ, ಅಂಗಾತ ಬೀಳುತ್ತಾನೆ, ಏಳುತ್ತಾನೆ, ಮತ್ತೆ ಚಡ್ಡಿಗೆ ಕೈ ಹಾಕುತ್ತಾನೆ. ನಾನು ನಕ್ಕು ನಕ್ಕು ಸುಸ್ತಾದೆ. ಕಾಕಾ ಮಾತ್ರ ಹುಬ್ಬು ಗಂಟಿಕ್ಕಿ ನೋಡುತ್ತಿದ್ದರು. ಇದರಲ್ಲಿ ಸಿಟ್ಟು ಬರುವಂಥದ್ದೇನಿದೆ? ಕುತೂಹಲ ತಡೆಯದೆ ಕೇಳಿಯೇಬಿಟ್ಟೆ.

“ಅಂವನ ಬೆನ್ನ ನೆಲಕ್ಕ ಹತ್ತೇತಿ. ಚಿತ್ ಆದ, ಸೋತ. ಮತ್ಯಾಕ ಏಳ್ತಾನ?” ಎಂದರು.

ಅದು ಕುಸ್ತಿಯ ಲೆಕ್ಕ. ಬೆನ್ನು ಮಣ್ಣಿಗೆ ಹತ್ತಿತೋ, ಆಟ ಮುಗಿಯಿತು. ಎದ್ದು ಮತ್ತೆ ಹಿಡಿಯುವ ಹಾಗಿಲ್ಲ. ಬಚ್ಚಲಲ್ಲಿ ಕಾಕಾ ಬಿದ್ದದ್ದೂ ಅಂಗಾತವೇ ಎಂಬುದು ನನಗೆ ಆಗ ನೆನಪಾಯಿತು. ಈ ಆಟದಲ್ಲಿ ಬಿದ್ದವನಿಗೆ ಹತ್ತು ಎಣಿಸುತ್ತಾರೆ, ಅಷ್ಟರಲ್ಲಿ ಎದ್ದರೆ ಸೋಲಲ್ಲ ಎಂದೆ. ನಂಬಲಿಲ್ಲ. ಅವನು ಬಿದ್ದ ಜಾಗಕ್ಕೆ ಚಿತ್ರವನ್ನು ಹಿಂದಕ್ಕೆ ತರಿಸಿ, ರೆಫರಿ ಎಣಿಸುವಾಗ ತಾವೂ ಬೆರಳು ಮಡಚಿ ನೋಡಿದರು. ಮತ್ತೆ ಹಿಂದಕ್ಕೆ ತರಿಸಿದರು. ಅಷ್ಟು ಸಾವಕಾಶ ಎಣಿಸಬಹುದೇ, ಏಳುವಾಗ ಹಗ್ಗ ಹಿಡಿದರೆ ನಡೆಯುತ್ತದೆಯೇ, ಪ್ರಶ್ನೆ ಮೇಲೆ ಪ್ರಶ್ನೆ. ನನಗೆ ತಿಳಿದಷ್ಟು ಹೇಳಿದೆ.

ಮರುದಿನ ಬೆಳಿಗ್ಗೆ ಚಹಾ ಒಯ್ದರೆ ಕಾಕಾ ಮಂಚದ ಅಂಚಿಗೆ ಕೂತು ಕಾಲು ಕೆಳಗಿಟ್ಟಿದ್ದರು.

“ಎಣಸು, ತಂಗಿ,” ಎಂದರು.

ಎಣಿಸತೊಡಗಿದೆ. ಆರಕ್ಕೆ ಕಿಟಕಿಯ ಸರಳು ಹಿಡಿದರು. ಎಂಟಕ್ಕೆ ಮೊಣಕಾಲು ಗಡಗಡ ನಡುಗಿದವು. ಒಂಬತ್ತು ಅಂದವಳು ಗಪ್ಪಾದೆ. ಅವರು ಪೂರ್ತಿ ನೆಟ್ಟಗಾಗುವವರೆಗೂ ಹತ್ತು ಅನ್ನಲಿಲ್ಲ. ನಿಂತರು! ನನಗೆ ಖುಷಿಗೆ ಅಳುವೇ ಬಂತು.

ಕಾಕಾ ಮಾತ್ರ ದುರುಗುಟ್ಟಿ ನೋಡಿದರು.

“ಎಣಸೂದು ನಡುವ ನಿಲ್ಲಿಸಿದಿ. ಮೋಸದ್ದು ಬ್ಯಾಡ ನನಗ,” ಎಂದವರೇ ಮತ್ತೆ ಮಂಚದ ಮೇಲೆ ಕೂತರು. “ಹಾಂ, ಮೊದಲಿಂದ ಎಣಸು.”