ಉಂಡಿಯ ಬುಟ್ಟಿಯಲ್ಲಿ ಚಂದ್ರ

ಅಕ್ಕನ ಅತ್ತೆಯ ಕೈಗೆ ನಾನು ಚಂದ್ರನನ್ನು ಕೊಟ್ಟೆ. ಪಕ್ಕದ ಮನೆಯವಳಿಗೆ ಭೂಮಿಯನ್ನೇ ಕೊಟ್ಟೆ. ಕುಷ್ಟಗಿಯಿಂದ ಯಲಬುರ್ಗಾಕ್ಕೆ ಗಾಡಿಯಲ್ಲಿ ಹೋದವರಲ್ಲಿ ಇದಕ್ಕಿಂತ ದೊಡ್ಡ ದಡ್ಡತನವನ್ನು ಯಾರೂ ಮಾಡಿರಲಿಕ್ಕಿಲ್ಲ. ಗಾಡಿಯ ಎತ್ತುಗಳನ್ನೂ ಸೇರಿಸಿಯೇ ಹೇಳುತ್ತಿದ್ದೇನೆ.

ಮದುವೆಯಾದ ಮೇಲೆ ಅಕ್ಕನಿಗೆ ಅದು ಮೊದಲ ನಾಗರಪಂಚಮಿ. ತವರಿನಿಂದ ತಮ್ಮನಾದವನು ಉಂಡಿಯ ಬುಟ್ಟಿ ಒಯ್ದು ಅಕ್ಕನನ್ನು ಹಬ್ಬಕ್ಕೆ ಕರೆಯಬೇಕು. ಅತ್ತೆ ಉಂಡಿಯನ್ನು ಓಣಿಗೆ ಹಂಚಿ ಸೊಸೆಯನ್ನು ಕಳಿಸಬೇಕು. ತವರಿಗೆ ಬಂದವಳು ಹಬ್ಬ ಮುಗಿಯುವವರೆಗೆ ಜೋಕಾಲಿ ಜೀಕಬೇಕು. ಉಂಡಿಯ ಗಾತ್ರ ನೋಡಿಯೇ ಓಣಿಯವರು ತವರಿನ ಗಾತ್ರ ಅಳೆಯುತ್ತಾರೆ. ನನಗಿದು ಗೊತ್ತಿರಲಿಲ್ಲವೆಂದಲ್ಲ. ಆದರೆ ಆಗ ನಾನು ಕೊಪ್ಪಳದಲ್ಲಿ ಓದುತ್ತಿದ್ದೆ. ಆಗೆಲ್ಲ ಶಾಲೆಯ ಪಾಠ ಉರ್ದುವಿನಲ್ಲೇ; ಮಾಸ್ತರರು ತುಂಬಿದ ಗ್ರಹ-ಚಂದ್ರರ ಆಕಾಶ ತಲೆಯಲ್ಲಿತ್ತು, ಬುದ್ಧಿಗೆ ಜಾಗ ಉಳಿದಿರಲಿಲ್ಲ.

ಅವ್ವ ಶೇಂಗಾ ಕುಟ್ಟಿ ಬೆಲ್ಲ ಕಲಸಿಟ್ಟು, "ಎಲ್ಲಾ ಒಂದ ಅಳತಿ ಕಟ್ಟೋ" ಎಂದು ಹೇಳಿ ರೊಟ್ಟಿ ಬಡಿಯಲು ಹೋದಳು. ನಾನು ಭೂಮಿಯನ್ನು ನಾಲ್ಕು ಬೆರಳು ಅಗಲ ಕಟ್ಟಿದೆ. ಶುಕ್ರನೂ ಅಷ್ಟೇ, ಒಂದು ಚೂರು ಕಡಿಮೆ. ಮಂಗಳ ಎರಡು ಬೆರಳು, ಬುಧ ಒಂದೂವರೆ, ನಮ್ಮ ಚಂದ್ರ ಒಂದೇ ಬೆರಳು. ಮಂಗಳನ ಎರಡು ಚಂದ್ರರಿಗೆ ಎಳ್ಳುಕಾಳೂ ಬೆಟ್ಟವಾಗುತ್ತಿತ್ತು; ಬಿಟ್ಟುಬಿಟ್ಟೆ. ಹೀಗೆ ಪ್ರತಿಯೊಂದನ್ನೂ ಐದೈದು ಕಟ್ಟಿ ಬುಟ್ಟಿ ತುಂಬಿಸಿ, ಸಣ್ಣವು ಅವ್ವನಿಗೆ ಕಾಣದಿರಲೆಂದು ದೊಡ್ಡವನ್ನೆಲ್ಲ ಮೇಲಿಟ್ಟು ಬಟ್ಟೆ ಬಿಗಿದೆ. ಅಕ್ಕನ ಮನೆಯವರು ನನ್ನ ವಿದ್ಯೆಗೆ ಬೆರಗಾಗಿ ಬಾಯಿ ಮುಚ್ಚಲಾರರೆಂದು ದಾರಿಯುದ್ದಕ್ಕೂ ನಕ್ಕೆ.

ಯಲಬುರ್ಗಾದಲ್ಲಿ ಪಡಸಾಲೆಯ ತುಂಬ ಓಣಿಯ ಹೆಂಗಸರು. ಒಳಬಾಗಿಲಲ್ಲಿ ಅಕ್ಕ, ಕಾಲ ಬಳಿ ಕಟ್ಟಿಟ್ಟ ಸೀರೆಯ ಗಂಟು. ಹಂಚುವ ಹಿರಿತನವನ್ನೂ ನಾನೇ ವಹಿಸಿಕೊಂಡೆ. ಮೇಲಿನ ಭೂಮಿಗಳೆಲ್ಲ ನೆರೆಯವರಿಗೆ ಹೋದವು. ಕೊನೆಗೆ ಉಳಿದವರು ಅತ್ತೆ; ಬುಟ್ಟಿಯ ತಳದ ಚಂದ್ರನನ್ನು ಅವರ ಕೈಗಿಟ್ಟೆ.

"ಏನೋ ತಮ್ಮಾ, ಇದು ಉಂಡಿನೋ ಗೋಲಿನೋ?"

"ಅದು ಚಂದ್ರ ಐತ್ರಿ ಅತ್ತಿ."

"ಮತ್ತ ಬಾಜೂ ಮನಿಯಾಕಿ ಕೈಯಾಗಿಂದು?"

"ಭೂಮಿ ರೀ. ಚಂದ್ರ ಭೂಮಿ ಸುತ್ತ ತಿರಗತಾನ್ರಿ."

"ಅಂದ್ರ ನಾ ಇಕಿ ಸುತ್ತ ತಿರಗಬೇಕೇನು?"

"ಬಾರವ್ವಾ, ಒಂದು ಸುತ್ತು ಹಾಕು!" ಎಂದಳು ಪಕ್ಕದ ಮನೆಯವಳು. ಪಡಸಾಲೆಯೆಲ್ಲ ನಕ್ಕಿತು. ನಾನೂ ನಕ್ಕೆ. ಎಲ್ಲರಿಗಿಂತ ಜೋರಾಗಿ.

ಅತ್ತೆ ಉಂಡಿಯನ್ನು ಬುಟ್ಟಿಗೆ ಹಾಕಿ ಒಳಬಾಗಿಲಿನ ಕಡೆ ತಿರುಗಿದರು. "ಗಂಟು ಬಿಚ್ಚವ್ವ. ಇಂಥಾ ಸಣ್ಣ ಕೈಯವರ ಮನಿಗೆ ನಮ್ಮ ಸೊಸಿ ಹೋಗೂದಿಲ್ಲ. ಪಂಚಮಿ ಇಲ್ಲೇ ಮಾಡ್ತಾಳ."

ಕಾಲಿಗೆ ಬಿದ್ದೆ. ತಪ್ಪು ನನ್ನದು, ಅವ್ವನದಲ್ಲ ಎಂದೆ. ಅಷ್ಟಕ್ಕೇ ಸುಮ್ಮನಿದ್ದರೆ ನಾನು ನಾನಾಗುತ್ತಿರಲಿಲ್ಲ. ಚಂದ್ರ ಬಹಳ ದೂರ ಇರೋದಕ್ಕ ಸಣ್ಣ ಕಾಣತಾನ್ರಿ ಎಂದು ಸಮಾಧಾನ ಬೇರೆ ಹೇಳಿದೆ. ಅತ್ತೆ ಎದ್ದು ಒಳಗೆ ಹೋದರು. ಅಕ್ಕ ಗಂಟು ಒಳಗಿಟ್ಟು ಬಂದು ಎತ್ತುಗಳಿಗೆ ನೀರಿಟ್ಟಳು.

ಮನೆಗೆ ಬಂದಾಗ ಅವ್ವ ಬಾಗಿಲಲ್ಲೇ ನಿಂತಿದ್ದಳು. ನನ್ನನ್ನು ನೋಡಲಿಲ್ಲ, ನನ್ನ ಬೆನ್ನ ಹಿಂದಿನ ಖಾಲಿ ಗಾಡಿಯನ್ನು ನೋಡಿದಳು. ನಾಲ್ಕು ಬಡಿದಿದ್ದರೆ ಹಗುರಾಗುತ್ತಿದ್ದೆ. ಬಡಿಯಲಿಲ್ಲ.

ದೀಪಾವಳಿಗೆ ಅಪ್ಪ ಹೋಗಿ ಅಕ್ಕನನ್ನು ಕರೆತಂದ. ಆಕೆ ಬಸುರಿಯಾಗಿದ್ದಳು. ನಾನು ಎರಡು ದಿನ ಮಂಗನಂತೆ ಕುಣಿದು ನಗಿಸಿ, ಆಮೇಲೆ ಹೇಳಿದೆ: "ಬರೋ ಪಂಚಮಿಗೆ ಗಾಡಿ ಗಾಲಿಯಷ್ಟು ಉಂಡಿ ಕಟ್ಟಿ ಕರಕೊಂಡ ಬರ್ತೀನಕ್ಕಾ."

ಅಕ್ಕ ನಕ್ಕಳು. ಆಮೇಲೆ ಅಂದಳು: "ನಿನ್ನ ಮ್ಯಾಲ ಸಿಟ್ಟಿಲ್ಲೋ ತಮ್ಮಾ. ಆದ್ರ ಬರೋ ಪಂಚಮಿಗೆ ನನ್ನ ಬಗಲಾಗ ಕೂಸು ಇರತೈತಿ. ಜೋಕಾಲಿ ಏರಿದ್ರ ಅದು ಅಳತೈತಿ, ನಾ ಇಳೀಬೇಕು. ನಂದು ಅಂತ ಈ ವರ್ಷದ್ದೊಂದ ಪಂಚಮಿ ಉಳಿದಿತ್ತು ನೋಡು. ಅದು ಹೋತು."