ಗುರುಲಿಂಗಪ್ಪನ ಪಿಕ್ಚರಿನ ನೀರಿನ ಸೀನು

ಓದಿ ನಗುವವರು ನಗಲಿ. ಆ ರಾತ್ರಿ ಪ್ರೊಜೆಕ್ಟರ್ ನಡೆಸುತ್ತಿದ್ದವನು ನಾನೇ, ರೀಲಿಗೆ ಕತ್ತರಿ ಹಾಕಿದ್ದೂ ನನ್ನ ಕೈಯೇ. ಯಾರೋ ಹೇಳಿದ್ದನ್ನು ಕೇಳಿಕೊಂಡು ಬಂದು ಬರೆಯುತ್ತಿಲ್ಲ.

ಐವತ್ತರ ದಶಕದ ಕೊನೆ. ಸೊರಬದ ಬಸ್ ಸ್ಟ್ಯಾಂಡಿನ ಆಚೆ, ಕೊಯ್ಲಾದ ಗದ್ದೆಯಲ್ಲಿ ನಮ್ಮ ಟೂರಿಂಗ್ ಟಾಕೀಸಿನ ಡೇರೆ ಎದ್ದಿತ್ತು. ನಾನು ಅದರ ಆಪರೇಟರು. ಆ ವಾರ ಬಂದದ್ದು ಶಿಕಾರಿಪುರದ ಗುರುಲಿಂಗಪ್ಪನ ಪಿಕ್ಚರು. ರೀಲಿನ ಡಬ್ಬಗಳ ಜೊತೆ ಪ್ರೊಡ್ಯೂಸರ್ ಸಾಹೇಬರೂ ದಯಮಾಡಿಸಿದ್ದರು.

ಈ ಗುರುಲಿಂಗಪ್ಪ ಮೊದಲು ಅಕ್ಕಿ ವ್ಯಾಪಾರ ಮಾಡಿದ. ಅಕ್ಕಿಗಿಂತ ಕಲ್ಲೇ ಹೆಚ್ಚು ಮಾರಿದ ಎಂದು ಜನ ಬೈದರು. ಆಮೇಲೆ ನಾಟಕ ಕಂಪನಿ ನಡೆಸಿದ. ನಟರು ಒಬ್ಬೊಬ್ಬರಾಗಿ ರಾತ್ರಿ ಬಸ್ಸು ಹತ್ತಿ ತಪ್ಪಿಸಿಕೊಂಡರು. ಕೊನೆಗೆ ಮದರಾಸಿಗೆ ಹೋಗಿ, ಒಂದು ಕಪ್ಪು ಕನ್ನಡಕ ಏರಿಸಿಕೊಂಡು, ನಿರ್ಮಾಪಕನಾಗಿ ವಾಪಸಾದ. ಕತ್ತಲ ಡೇರೆಯೊಳಗೂ ಅದನ್ನು ತೆಗೆಯುತ್ತಿರಲಿಲ್ಲ, ಗೂಟ ಎಡವಿ ಎಡವಿ ಓಡಾಡುತ್ತಿದ್ದ. ಬಾಯಿ ತೆಗೆದರೆ ಕಲಾಸೇವೆ. ನನಗೆ ಕಂಡ ಕಲೆ ಅವನ ಜುಬ್ಬದ ಮೇಲಿನ ಎಲೆಯಡಿಕೆಯದೊಂದೇ.

ಪಿಕ್ಚರಿನ ವಿಷಯ ಹೇಳದಿರುವುದೇ ವಾಸಿ. ಜನ ಬರುತ್ತಿದ್ದದ್ದು ಒಂದೇ ಒಂದು ಸೀನಿಗೆ. ಶಾರದೆ ಎಂಬ ನಾಟಕದ ಹುಡುಗಿ, ನಾಯಕಿಯ ಗೆಳತಿಯ ಪಾರ್ಟು. ನೀರಿಗೆ ಬೀಳುವ ದೃಶ್ಯವನ್ನು ಅಂಜನಾಪುರದ ಕೆರೆಯಲ್ಲಿ ತೆಗೆಯುವಾಗ ಅವಳು ನಿಜವಾಗಿಯೂ ಮುಳುಗಿ ಸತ್ತಳು. "ಪಾಪ, ಚೆನ್ನಾಗಿ ಆಕ್ಟ್ ಮಾಡ್ತಿದಾಳೆ ಅಂತ ತಿಳಕೊಂಡ್ವಿ. ಒಂದು ಸಲನಾದ್ರೂ ಕೂಗಿದ್ರೆ ನಾನೇ ಹಾರಿ ಎತ್ತಿಬಿಡ್ತಿದ್ದೆ," ಎಂದು ಗುರುಲಿಂಗಪ್ಪ ಊರೆಲ್ಲ ಹೇಳಿಕೊಂಡು ಕಣ್ಣೊರೆಸಿಕೊಂಡ. ಒರೆಸಿಕೊಂಡ ಕೈಯಲ್ಲೇ ಆ ಸೀನನ್ನು ಪಿಕ್ಚರಿಗೆ ಸೇರಿಸಿದ. ಕೆರೆಯ ಹತ್ತಿರ ಮಾತು ಹಿಡಿಯುವ ಮಿಷನ್ ಇರಲಿಲ್ಲ. ಮದರಾಸಿನಲ್ಲಿ ಪಿಟೀಲು ಬಾರಿಸಿ ಅಂಟಿಸಿದ್ದರು, ಅಷ್ಟೇ.

ಸೊರಬದ ಬೀದಿಯಲ್ಲಿ ತಮಟೆಯ ಗಾಡಿ ಬಿಟ್ಟು ಸಾರಿಸಿದ್ದೇನು ಗೊತ್ತೇ? ನಿಜವಾಗಿ ಮುಳುಗಿದ ಹುಡುಗಿಯನ್ನು ನೋಡಿರಿ... ಥೂ.

ನಾಟಕದ ಚಾಳಿ ಡೇರೆಗೂ ಬಂದಿತ್ತು. ಮೆಚ್ಚಿದ ಸೀನಿಗೆ ಜನ "ಒನ್ಸ್ ಮೋರ್" ಎಂದು ಶಿಳ್ಳೆ ಹಾಕಿದರೆ ನಾನು ಮಿಷನ್ ನಿಲ್ಲಿಸಿ, ರೀಲು ಹಿಂದಕ್ಕೆ ಸುತ್ತಿ, ಮತ್ತೆ ತೋರಿಸಬೇಕು. ಹೀಗಾಗಿ ಆ ಹುಡುಗಿ ಒಂದೇ ಆಟದಲ್ಲಿ ಮತ್ತೆ ಮತ್ತೆ ಸಾಯುತ್ತಿದ್ದಳು.

ಶನಿವಾರ ಮೊದಲ ಆಟ ಮುಗಿದ ಹೊತ್ತಿಗೆ ಅವಳ ತಾಯಿ ನೀಲಮ್ಮ ಶಿಕಾರಿಪುರದಿಂದ ಬಸ್ಸಿಳಿದು ಸೀದಾ ಡೇರೆಗೆ ಬಂದಳು. ಗುರುಲಿಂಗಪ್ಪನ ಎದುರು ಕೈಮುಗಿದು ನಿಂತಳು.

"ಅದೊಂದು ತುಂಡು ತೆಗೆದುಬಿಡ್ರಿ. ನನ್ನ ಮಗಳು ಮುಳುಗೋದು ನೋಡಿ ಮಂದಿ ಶಿಳ್ಳೆ ಹೊಡಿತಾರಂತೆ. ನನಗೆ ಅನ್ನ ಇಳಿವಲ್ದು."

"ನಿನ್ನ ಮಗಳು ಫೇಮಸ್ ಆಗ್ಯಾಳೆ ಕಣಮ್ಮ. ಬೆಂಚಿನ ಪಾಸು ಕೊಡ್ತೀನಿ, ನೀನೂ ನೋಡು."

ಪಾಸನ್ನು ಅವಳ ಕೈಗೆ ತುರುಕಿ ಕಾಫಿಗೆ ಹೋದ. ನನಗೆ ಮೈಯೆಲ್ಲ ಉರಿದುಹೋಯಿತು. ಕತ್ತರಿ ತೆಗೆದುಕೊಂಡು ನೀರಿನ ಸೀನನ್ನು ಪೂರ್ತಿ ಕತ್ತರಿಸಿ, ಎರಡು ತುದಿಗೂ ಅಂಟು ಹಚ್ಚಿ ಕೂಡಿಸಿದೆ. ಕತ್ತರಿಸಿದ ಫಿಲ್ಮನ್ನು ಸುರುಳಿ ಸುತ್ತಿ ನೀಲಮ್ಮನಿಗೆ ಕೊಟ್ಟೆ. ಅವಳು ಅದನ್ನು ಸೆರಗಿನಲ್ಲಿ ಕಟ್ಟಿಕೊಂಡು ಪ್ರೊಜೆಕ್ಟರಿನ ಕ್ಯಾಬಿನ್ನಿನ ಹೊರಗೆ, ಹುಲ್ಲಿನ ಮೇಲೆ ಕುಳಿತಳು.

ಎರಡನೇ ಆಟ. ಡೇರೆ ತುಂಬಿತ್ತು. ಆ ಜಾಗ ಬಂದಾಗ ಚಿತ್ರ ಒಮ್ಮೆ ಕುಪ್ಪಳಿಸಿ ಮುಂದಿನ ಸೀನಿಗೆ ಹಾರಿತು. ಜನ ಕೂಗೆಬ್ಬಿಸಿದರು. ಗುರುಲಿಂಗಪ್ಪ ಕ್ಯಾಬಿನ್ನಿಗೆ ನುಗ್ಗಿದ.

"ಎಲ್ಲಯ್ಯ ನೀರು? ಹಿಂದಕ್ಕೆ ಸುತ್ತು. ಮತ್ತೆ ಬಿಡು."

ಸುತ್ತಿದೆ. ಸುತ್ತುವಾಗ ಅಂಟಿಸಿದ ಜಾಗ ಬೆರಳಿಗೆ ತಾಗಿತು. ನೀರಿನ ಸೀನು ಅಲ್ಲಿರಲಿಲ್ಲ, ಆಣೆ ಮಾಡಿ ಹೇಳುತ್ತೇನೆ. ಮತ್ತೆ ಹಾರುತ್ತದೆ, ಬೈಸಿಕೊಂಡರಾಯಿತು ಎಂದುಕೊಂಡು ಮಿಷನ್ ಬಿಟ್ಟೆ.

ಪರದೆಯ ಮೇಲೆ ನೀರು ಬಂತು...

ಪಿಟೀಲು ಇಲ್ಲ. ಬರೀ ನೀರು ಬಡಿಯುವ ಸದ್ದು. ದೀಪದ ಕಾರ್ಬನ್ ಕಡ್ಡಿ ಉರಿದು ಸದಾ ಬಿಸಿಯಾಗಿರುವ ಕ್ಯಾಬಿನ್ನಿನೊಳಗೆ ತಣ್ಣಗೆ ಪಾಚಿಯ ವಾಸನೆ ಹೊಡೆಯಿತು. ಶಾರದೆಯ ಕೈ ಮೇಲೆ ಬಂತು. ಆಮೇಲೆ ಸ್ಪೀಕರಿನಿಂದ ಹುಡುಗಿಯ ದನಿ, ಏದುಸಿರಿನ ನಡುವೆ...

"ಸಾರ್... ಕಾಲಿಗೆ ನೆಲ ಸಿಗವಲ್ದು... ಸಾರ್, ಎಳಕೊಳ್ರಿ..."

ಅದರ ಹಿಂದೆಯೇ ಗಂಡಸಿನ ದನಿ, ದಡದ ಮೇಲಿನಿಂದ, ಸಣ್ಣಗೆ.

"ಕ್ಯಾಮರಾ ನಿಲ್ಲಿಸಬ್ಯಾಡ. ಯಾರೂ ಇಳೀಬ್ಯಾಡ್ರಿ. ಚೆನ್ನಾಗಿ ಬರ್ತಾ ಐತೆ, ಓಡಲಿ."

ಡೇರೆಯಲ್ಲಿ ಒಂದು ಕೆಮ್ಮೂ ಇಲ್ಲ. ಹೆಂಗಸರ ಕಡೆಯಿಂದ ಯಾರೋ ಮೆಲ್ಲಗೆ, "ಇದು ಆ ಗುರುಲಿಂಗಪ್ಪನ ದನಿ ಅಲ್ದಾ?" ಎಂದರು. ನಾನು ತಿರುಗಿ ನೋಡಿದೆ. ಆ ಮನುಷ್ಯ ಮೊದಲ ಸಲ ಕನ್ನಡಕ ತೆಗೆದಿದ್ದ. ಸಣ್ಣ ಕಣ್ಣು, ಇಲಿಯ ಕಣ್ಣು. ಪಂಚೆ ಎತ್ತಿಕೊಂಡು ಗದ್ದೆಯ ಕತ್ತಲಿಗೆ ಓಡಿದ. ಡಬ್ಬಗಳನ್ನು ಕೇಳಲು ಕೂಡ ಮತ್ತೆ ಬರಲಿಲ್ಲ. ಇನ್ನೊಂದು ಪಿಕ್ಚರನ್ನೂ ತೆಗೆಯಲಿಲ್ಲ. ಕಲಾಸೇವೆ ಎಂದರೆ ಅವನು ಮಾಡಿದ್ದು ಅದೊಂದೇ.

ಮಿಷನ್ ನಿಲ್ಲಿಸಿ ರೀಲು ಎಳೆದು ನೋಡಿದೆ. ಅಂಟು ಇನ್ನೂ ಹಸಿಯಾಗಿತ್ತು. ನೀರಿನ ಒಂದು ಚಿತ್ರವೂ ಅದರಲ್ಲಿ ಇರಲಿಲ್ಲ.

ಹೊರಗೆ ಬಂದೆ. ನೀಲಮ್ಮ ಸೆರಗು ಬಿಚ್ಚಿ, ಸುರುಳಿಯನ್ನು ಗ್ಯಾಸ್‌ಲೈಟಿನ ಬೆಳಕಿಗೆ ಹಿಡಿದು ಕುಳಿತಿದ್ದಳು. ಅಳುತ್ತಿರಲಿಲ್ಲ.

"ಅಕಿ ದನಿ ಕೇಳಿದೆ. ಇದರಾಗೆ ದನಿ ಎಲ್ಲೈತಿ, ತೋರಿಸ್ರಿ."

ಆ ಫಿಲ್ಮಿನ ಅಂಚಿನಲ್ಲಿ ಇದ್ದದ್ದು ಪಿಟೀಲಿನ ಸದ್ದು ಹೊರಡಿಸುವ ಗೆರೆ ಮಾತ್ರ. ಆ ಮುಖ ನೋಡಿ ಹಾಗೆ ಹೇಳಲಾಗಲಿಲ್ಲ. ಎಲ್ಲೋ ಒಂದು ಕಡೆ ಬೆರಳಿಟ್ಟು, "ಇಲ್ಲಿ," ಎಂದೆ.

ನೀಲಮ್ಮ ಆ ಜಾಗಕ್ಕೆ ಕಿವಿ ಹಚ್ಚಿದಳು. ನಾನು ಇನ್ನೇನು ಎದ್ದು ಹೋಗಬೇಕು ಎನ್ನುವಾಗ, ಪಕ್ಕದ ಮನೆಯವರಿಗೆ ಓಗೊಡುವ ಹಾಗೆ ಸಹಜವಾಗಿ ಹೇಳಿದಳು:

"ಹೂಂ ಕಣವ್ವ. ಇಲ್ಲೇ ಅದೀನಿ, ಹೇಳು."