ಕಡಲಹಾವಿನ ಮೇಡಂ

ನಮ್ಮ ಮೀನುಗಾರರ ಊರು ತೆಂಗಿನಗುಂಡಿಗೆ ಒಬ್ಬರು ಮೇಡಂ ಬರುತ್ತಿದ್ದರು, ಬಲೆಗೆ ಸಿಕ್ಕ ಕಡಲಹಾವುಗಳನ್ನು ಅಳೆಯಲು. ಹಾವಿನ ಹಲ್ಲಿಗೆ ವಿಷ ಹೇಗೆ ಬಂತೆಂದು ಹುಡುಕುವುದೇ ಅವರ ಜೀವನದ ಕೆಲಸ. ಏನು ಕೇಳಿದರೂ ಒಂದೇ ಮಾತು: "ನೋಡದೆ ಹೇಳೋದಿಲ್ಲ." ಹಾವನ್ನು ಬಡಿಯಬೇಡಿ, ನೀರಿಗೆ ಬಿಡಿ ಎಂದು ದೋಣಿ ದೋಣಿಗೂ ಹೋಗಿ ಕೈಮುಗಿಯುವರು.

ಅವರ ಮಾತು ಕೇಳಿದವನು ನಮ್ಮಣ್ಣ. ಒಂದು ಬೆಳಿಗ್ಗೆ ಬಲೆಯಿಂದ ಬಿಡಿಸುವಾಗ ಹಾವು ಕಚ್ಚಿತು. ಕಚ್ಚಿಸಿಕೊಂಡೂ ಅದನ್ನು ನೀರಿಗೆ ಬಿಟ್ಟನಂತೆ. ಆಸ್ಪತ್ರೆಯಲ್ಲಿದ್ದದ್ದು ನೆಲದ ಹಾವಿನ ಔಷಧಿ ಮಾತ್ರ; ಕಡಲಹಾವಿನ ವಿಷಕ್ಕೆ ಅದು ನಾಟಲಿಲ್ಲ. ಅಣ್ಣ ಉಳಿಯಲಿಲ್ಲ.

ಮೇಡಂ ಬಂದು ಜಗಲಿಯಲ್ಲಿ ಕೂತರು. ಅಳತೆಪಟ್ಟಿಯನ್ನು ಬೆರಳಿಗೆ ಸುತ್ತುವರು, ಬಿಚ್ಚುವರು. ಅಮ್ಮ ಚಾ ಕೊಟ್ಟು ಕೇಳಿದಳು: "ಅಂವ ಬಿಟ್ಟ ಹಾವು ಎಂತ ಆತು? ಬದುಕ್ತಾ?"

ಆ ದಿನ ಮೇಡಂ ದೋಣಿಯಲ್ಲಿ ಇರಲೇ ಇಲ್ಲ.

"ಬದುಕಿತು ಅಮ್ಮಾ," ಎಂದರು. "ನಾನೇ ನೋಡಿದೆ."